ವೈಶಾಲಿ ಕಾಸರವಳ್ಳಿ ಅವರನ್ನ ನಟಿ ಅನ್ಬೇಕಾ, ಕಾಸ್ಟ್ಯೂಮ್ ಡಿಸೈನರ್ ಅನ್ಬೇಕಾ, ಡೈರೆಕ್ಟರ್ ಅನ್ಬೇಕಾ?

ತೆರೆಮರೆ
ಬಹಳ ದಿನದಿಂದ ತಲೇಲಿ ಕೊರೀತಿರೋ ವಿಷ್ಯ, ಇಲ್ಲಿ ಹಾಕ್ತಿದೀನಿ. ಕನ್ನಡ ಸಿನಿಮಾದ ಬಹುಮುಖ ಪ್ರತಿಭೆ ಯಾರು ಅಂದ್ರೆ ನಮ್ಮ ಜನ ಥಟ್ಟಂತ ಹೇಳೋದು ಶಂಕರ್ ನಾಗ್, ಕಾರ್ನಾಡ್, ರವಿಚಂದ್ರನ್, ಉಪೇಂದ್ರ. ತಕರಾರಿಲ್ಲ. ಆದ್ರೆ ವೈಶಾಲಿ ಕಾಸರವಳ್ಳಿ ಹೆಸರು ಯಾರ ಬಾಯಲ್ಲೂ ಬರಲ್ಲ, ಬಂದ್ರೂ "ಗಿರೀಶ್ ಕಾಸರವಳ್ಳಿ ಅವ್ರ ಮಿಸೆಸ್ ಅಲ್ವಾ" ಅಂತ ಶುರುವಾಗಿ ಅಲ್ಲೇ ಮುಗಿಯತ್ತೆ.

ಗೊತ್ತಿಲ್ಲದವ್ರಿಗೆ ಹೇಳ್ತೀನಿ. ಹುಟ್ಟಿದ್ದು ಕಲಬುರಗಿ, 1952. ಹವ್ಯಾಸಿ ರಂಗಭೂಮೀಲಿ ಬಿ.ವಿ. ಕಾರಂತ, ಪ್ರಸನ್ನ ಅಂಥೋರ ಜೊತೆ ಕೆಲ್ಸ ಮಾಡಿ ಬಂದವ್ರು, ಆಮೇಲೆ ಸಿನಿಮಾದಲ್ಲಿ ನಟನೆ, "ಆಕ್ರಮಣ" ನೋಡಿರೋರಿಗೆ ನೆನಪಿರತ್ತೆ. ಆಮೇಲೆ ಗಿರೀಶ್ ಅವ್ರು ಡೈರೆಕ್ಟ್ ಮಾಡಿದ "ತಾಯಿ ಸಾಹೇಬ" ಸಿನಿಮಾಕ್ಕೆ ವಸ್ತ್ರವಿನ್ಯಾಸ, ಅದಕ್ಕೆ 1997ರ ಸಾಲಿನ ರಾಷ್ಟ್ರಪ್ರಶಸ್ತಿ. ಆಮೇಲೆ ಈಟಿವೀಲಿ "ಮೂಡಲ ಮನೆ", "ಮುತ್ತಿನ ತೋರಣ" ನಿರ್ದೇಶನ. 2010ರ ಸೆಪ್ಟೆಂಬರಲ್ಲಿ ತೀರಿಕೊಂಡ್ರು, ಅರವತ್ತೂ ತುಂಬಿರ್ಲಿಲ್ಲ.

ನಾನು ಹೇಳೋದು ಇಷ್ಟೇ. ಇದು ಮೂರು ಬೇರೆ ಬೇರೆ ಕೆಲ್ಸ ಅಲ್ಲ. ನಟಿಯಾಗಿದ್ದಕ್ಕೇ ಅವ್ರು ಆ ಥರ ಬಟ್ಟೆ ಮಾಡಿದ್ರು, ಬಟ್ಟೆ ಮಾಡಿದ್ದಕ್ಕೇ ಸೀರಿಯಲ್ಲಲ್ಲಿ ಮನೆ ಹೆಂಗಸರು ಮನೆ ಹೆಂಗಸರ ಥರ ಕಂಡ್ರು. ಒಪ್ತೀರಾ ಇಲ್ವಾ ಹೇಳಿ.

ಶಂಕ್ರಣ್ಣ ಫ್ಯಾನ್
ಗುರು ಗೌರವ ಇದೆ, ಆದ್ರೆ ಶಂಕ್ರಣ್ಣನ ಪಕ್ಕ ಯಾರನ್ನ ನಿಲ್ಲಿಸ್ತೀಯ? 1978ರಲ್ಲಿ "ಒಂದಾನೊಂದು ಕಾಲದಲ್ಲಿ", 1990ರ ಸೆಪ್ಟೆಂಬರ್ 30ಕ್ಕೆ ಆನಗೋಡು ಹತ್ರ ಆಕ್ಸಿಡೆಂಟು. ಆ ಹನ್ನೆರಡು ವರ್ಷದೊಳಗೆ ಹೀರೋ, ಡೈರೆಕ್ಟರ್, ಪ್ರೊಡ್ಯೂಸರ್, ನಾಟಕ ತಂಡ, ಬೆಂಗಳೂರಲ್ಲಿ ಸಂಕೇತ್ ರೆಕಾರ್ಡಿಂಗ್ ಸ್ಟುಡಿಯೋ, ಮಾಲ್ಗುಡಿ ಡೇಸ್. ಇದಕ್ಕಿಂತ ಬಹುಮುಖ ಇನ್ನೇನ್ ಬೇಕು.

ತೆರೆಮರೆ
ಪಕ್ಕ ನಿಲ್ಲಿಸೋಕೆ ಹೋಗ್ತಾ ಇಲ್ಲ ಸರ್, ಇದು ಓಟದ ಸ್ಪರ್ಧೆ ಅಲ್ಲ. ಶಂಕರ್ ನಾಗ್ ವಿಷ್ಯದಲ್ಲೂ ನೋಡಿ, ಮಾಲ್ಗುಡಿ ಡೇಸ್ ಅಂದ್ರೆ ಎಲ್ರಿಗೂ ಶಂಕರ್ ನಾಗ್, ಆಗುಂಬೆ, ಎಲ್. ವೈದ್ಯನಾಥನ್ ಮ್ಯೂಸಿಕ್ಕು, ಲಕ್ಷ್ಮಣ್ ಅವ್ರ ಸ್ಕೆಚ್ಚು ನೆನಪಾಗತ್ತೆ. ಆಗುಂಬೆ ಬೀದೀನ ಮಾಲ್ಗುಡಿ ಮಾಡಿದ ಕಲಾ ನಿರ್ದೇಶಕ ಜಾನ್ ದೇವರಾಜ್ ಹೆಸರು ಎಷ್ಟು ಜನ ಹೇಳ್ತಾರೆ? ಕಣ್ಣಿಗೆ ಕಾಣೋದನ್ನ ಮಾಡಿದೋರ ಹೆಸರೇ ಕಾಣಲ್ಲ, ನನ್ನ ತಕರಾರು ಅದು.

ರೀಲು ಡಬ್ಬ
ಥ್ರೆಡ್ ಚೆನ್ನಾಗಿದೆ ಆದ್ರೆ ಸ್ವಲ್ಪ ತಣ್ಣೀರು ಹಾಕ್ತೀನಿ ಬೇಜಾರ್ ಮಾಡ್ಕೋಬೇಡಿ. ಹೊಸ ಅಲೆ, ಅಂದ್ರೆ ಕಲಾತ್ಮಕ ಸಿನಿಮಾದಲ್ಲಿ ಒಬ್ರೇ ನಾಕು ಕೆಲ್ಸ ಮಾಡಿದ್ದು ಪ್ರತಿಭೆಯಿಂದ ಅಲ್ಲ, ದುಡ್ಡಿರ್ಲಿಲ್ಲ ಅದಕ್ಕೆ. ಬೇರೆ ಕಾಸ್ಟ್ಯೂಮರ್ ಇಡೋಕೆ ಕಾಸಿಲ್ಲ, ಡೈರೆಕ್ಟರ್ ಮನೆಯೋರೋ ನಾಟಕದ ಗೆಳೆಯರೋ ಯಾರೋ ಸೀರೆ ತಂದ್ರು, ಟೈಟಲ್ಲಲ್ಲಿ ಹೆಸರು ಹಾಕಿದ್ರು. ಅದನ್ನ ಈಗ ಕೂತ್ಕೊಂಡು ಬಹುಮುಖ ಪ್ರತಿಭೆ ಅಂತ ಶಾಲು ಹೊದಿಸೋದು ಯಾಕೋ ಅತಿ ಅನ್ಸತ್ತೆ. ಕೊರತೆಯನ್ನ ಸಾಧನೆ ಅಂತ ಕರೀಬಾರ್ದು.

ತೆರೆಮರೆ
ದುಡ್ಡಿರ್ಲಿಲ್ಲ ಅನ್ನೋದು ನಿಜ. ಆದ್ರೆ ದುಡ್ಡಿಲ್ಲದ ಸಿನಿಮಾ ನೂರಾರು ಬಂದ್ವು, ಅವುಗಳಲ್ಲಿ ಯಾವುದರ ಬಟ್ಟೆ ನೆನಪಿದೆ ನಿಮಗೆ? ಅದೇ ವರ್ಷ "ತಾಯಿ ಸಾಹೇಬ"ಕ್ಕೆ ಸ್ವರ್ಣಕಮಲ, ಅಂದ್ರೆ ಅತ್ಯುತ್ತಮ ಚಿತ್ರದ ರಾಷ್ಟ್ರಪ್ರಶಸ್ತಿ ಬಂತು, ಜೊತೆಗೆ ಕಲಾ ನಿರ್ದೇಶನಕ್ಕೆ ರಮೇಶ್ ದೇಸಾಯಿ ಅವ್ರಿಗೆ, ವಸ್ತ್ರವಿನ್ಯಾಸಕ್ಕೆ ವೈಶಾಲಿ ಅವ್ರಿಗೆ. ಮನೆ ಒಳಗಿನ ಗೋಡೆ, ಆ ಗೋಡೆ ಮುಂದೆ ನಿಂತೋರ ಸೀರೆ, ಎರಡಕ್ಕೂ ಒಟ್ಟಿಗೆ ಪ್ರಶಸ್ತಿ ಬಂದಿದೆ ಅಂದ್ರೆ ಇಬ್ರೂ ಕೂತು ಮಾತಾಡಿ ಮಾಡಿದ್ದಾರೆ ಅಂತ ನನ್ನ ಊಹೆ. ಮನೆಯಿಂದ ಸೀರೆ ತಂದು ಕೊಟ್ರೆ ಹಾಗಾಗಲ್ಲ.

ಹುಬ್ಬಳ್ಳಿ ಗಿರ್ಮಿಟ್
ನಾ ನಡುವ ಬಾಯಿ ಹಾಕ್ತೇನಿ ನೋಡ್ರಿ. ತಾಯಿ ಸಾಹೇಬ ನಮ್ಮ ಕಡಿ ಕಥಿ, ರಂ.ಶಾ. ಲೋಕಾಪುರ ಅವರ ಕಾದಂಬರಿ. ಜಹಗೀರದಾರಿ ಮನಿ, ಗಾಂಧಿ ಚಳವಳಿಗೆ ಓಡಾಡೋ ಗಂಡ, ವಾಡೇದಾಗ ಉಳದ ಹೆಂಡತಿ, ದತ್ತಕ ತಗೊಂಡ ಮಗ, ಆ ಮಗ ಹೋಗಿ ಅಪ್ಪ ಇಟ್ಟುಕೊಂಡಾಕಿ ಮಗಳನ್ನ ಇಷ್ಟಪಡ್ತಾನ. ಹೊರಗ ಸ್ವಾತಂತ್ರ್ಯ ಬರ್ತದ, ಒಳಗ ಆಕಿಗೆ ಏನೂ ಬರೂದಿಲ್ಲ. ಈ ಸಿನಿಮಾದಾಗ ಸೀರಿ ಅನ್ನೂದು ಬರೇ ಸೀರಿ ಅಲ್ರಿ, ಯಾರು ಮನಿಯಾಕಿ ಯಾರು ಹೊರಗಿನಾಕಿ ಅಂತ ಒಬ್ಬರೂ ಬಾಯಿ ಬಿಡೂದಕ್ಕಿಂತ ಮೊದಲ ನಮಗ ಗೊತ್ತಾಗಬೇಕು. ಬೆಂಗಳೂರಾಗ ಕುಂತು ಉತ್ತರ ಕರ್ನಾಟಕ ಸಿನಿಮಾ ಮಾಡೋರು ಎಲ್ಲಾರಿಗೂ ಇಳಕಲ್ ಸೀರಿ ಉಡಿಸಿಬಿಡ್ತಾರ, ಕೆಲಸದಾಕಿಗೂ ಅದ, ಗೌಡಸಾನಿಗೂ ಅದ, ಮ್ಯಾಲೆ ಹೊಸಾ ಇಸ್ತ್ರಿ ಬ್ಯಾರೆ. ಇಳಕಲ್ ಅಂದರ ಒಂದ ಸೀರಿ ಅಲ್ರಿ. ದಡಿ ಬ್ಯಾರೆ ಬ್ಯಾರೆ, ಗೋಮಿ, ಪರಾಸಪೇಟ, ಗಾಡಿ ಅಂತ. ಒಡಲು ನೂಲಿಂದೋ ರೇಷ್ಮಿದೋ ಅನ್ನೂದರಾಗ ಮನಿ ಅಂತಸ್ತು ತಿಳೀತದ. ಸೆರಗಿನ ಟೋಪ ತೆನಿ ಮಾತ್ರ ಎಲ್ಲಾರದೂ ಕೆಂಪು ಬಿಳಿ. ಕುಬಸಕ್ಕ ಗುಳೇದಗುಡ್ಡದ ಖಣ. ಕಲಬುರಗಿ ಹೆಣಮಗಳಿಗೆ ಇದೆಲ್ಲಾ ಯಾರೂ ಹೇಳಿಕೊಡಬೇಕಾಗಿಲ್ಲ ಬಿಡ್ರಿ.

ಸೂಜಿದಾರ
ನಾನು ಕಾಸ್ಟ್ಯೂಮ್ ಡಿಪಾರ್ಟ್‌ಮೆಂಟಲ್ಲಿ ಅಸಿಸ್ಟೆಂಟ್ ಆಗಿದ್ದವಳು, ಈಗ ಸ್ವಂತ ಮಾಡ್ತಿದೀನಿ. ಈ ಥ್ರೆಡ್ ನೋಡಿ ಸುಮ್ನಿರೋಕೆ ಆಗ್ಲಿಲ್ಲ.

ರೀಲು ಡಬ್ಬ ಸರ್, "ಯಾರೋ ಸೀರೆ ತಂದ್ರು" ಅಂದ್ರಲ್ಲ, ಆ ತರೋ ಕೆಲ್ಸ ಏನು ಅಂತ ಸ್ವಲ್ಪ ಹೇಳ್ತೀನಿ. ಮೊದ್ಲು ಸ್ಕ್ರಿಪ್ಟ್ ಬ್ರೇಕ್‌ಡೌನು. ಯಾವ ಸೀನು ಯಾವ ದಿನ, ಬೆಳಗ್ಗೇನಾ ರಾತ್ರೀನಾ, ಹಿಂದಿನ ಸೀನಿಂದ ಬಟ್ಟೆ ಮುಂದುವರಿಯತ್ತಾ ಬದಲಾಗತ್ತಾ. ಶೂಟಿಂಗ್ ಕಥೆ ಆರ್ಡರಲ್ಲಿ ನಡೆಯಲ್ಲ ಅಲ್ವಾ, ಬಾಗಿಲ ಹೊರಗೆ ನಿಂತಿರೋ ಶಾಟ್ ಇವತ್ತು, ಒಳಗೆ ಕಾಲಿಡೋ ಶಾಟ್ ಇಪ್ಪತ್ತು ದಿನ ಬಿಟ್ಟು. ಅವತ್ತು ಸೆರಗು ಎಡಗೈ ಮೇಲಿತ್ತಾ ಸೊಂಟಕ್ಕೆ ಸಿಕ್ಕಿಸಿದ್ರಾ, ಬಳೆ ಎಷ್ಟಿತ್ತು, ಕುಂಕುಮ ಅಳಿಸಿತ್ತಾ. ಈಗ ಫೋನಲ್ಲಿ ಫೋಟೋ ಹೊಡ್ಕೋತೀವಿ. ಆಗ ನೋಟ್‌ಬುಕ್ಕಲ್ಲಿ ಬರ್ಕೋಬೇಕಿತ್ತು, ಇಲ್ಲಾಂದ್ರೆ ನೆನಪು.

ಆಮೇಲೆ ಬಟ್ಟೆ ಹಳೇದು ಮಾಡೋದು. ಅಂಗಡಿಯಿಂದ ತಂದ ಹೊಸ ಬಿಳಿ ಪಂಚೆ ಹಾಗೇ ಉಡಿಸಿದ್ರೆ ಕ್ಯಾಮೆರಾಮ್ಯಾನ್ ಬೈತಾರೆ, ಲೈಟಿಗೆ ಬಿಳಿ ಹೊಡಿಯತ್ತೆ, ಮುಖ ಕಪ್ಪಾಗತ್ತೆ. ಟೀ ಡಿಕಾಕ್ಷನಲ್ಲಿ ಅದ್ದಿ ಹಿಂಡಿ ನೆರಳಲ್ಲಿ ಒಣಗಿಸ್ತೀವಿ, ಡಿಕಾಕ್ಷನ್ ಗಟ್ಟಿಯಾದ್ರೆ ಬಟ್ಟೆ ಕೊಳಕಾಗಿ ಕಾಣತ್ತೆ, ತೆಳುವಾದ್ರೆ ಏನೂ ಆಗಲ್ಲ, ಆ ಮಧ್ಯದ ಬಣ್ಣ ಸಿಗೋವರ್ಗೂ ತುಂಡು ಬಟ್ಟೆ ಅದ್ದಿ ಅದ್ದಿ ನೋಡ್ತಾ ಇರ್ಬೇಕು. ವಾಷಿಂಗ್ ಸೋಡಾದಲ್ಲಿ ಕುದಿಸಿ ಗಂಜಿ ತೆಗೀಬೇಕು. ಮೊಣಕೈ, ಕಾಲರ್, ಜೇಬಿನ ಬಾಯಿ, ಸೀರೆ ಅಂಚು, ಇಷ್ಟು ಜಾಗ ಸ್ಯಾಂಡ್ ಪೇಪರಲ್ಲಿ ಉಜ್ಜಬೇಕು, ಯಾಕಂದ್ರೆ ಬಟ್ಟೆ ನಿಜವಾಗ್ಲೂ ಸವೆಯೋದು ಅಲ್ಲೇ. ಎಲ್ಲಾ ಕಡೆ ಸಮ ಉಜ್ಜಿದ್ರೆ ನೋಡೋರಿಗೆ ಸುಳ್ಳು ಅಂತ ಗೊತ್ತಾಗ್ಬಿಡತ್ತೆ, ಏನು ಸುಳ್ಳು ಅಂತ ಹೇಳೋಕೆ ಬರಲ್ಲ ಅಷ್ಟೇ.

ಈಗ ನಟಿ ಆಗಿದ್ರೆ ಏನು ಲಾಭ ಅನ್ನೋದಕ್ಕೆ ಬರ್ತೀನಿ. ತಲೆ ಮೇಲೆ ಸೆರಗು ಹೊದ್ದಿರೋ ಪಾತ್ರ ಅಂದ್ಕೊಳಿ. ಅಭ್ಯಾಸ ಇಲ್ಲದ ಹುಡುಗೀಗೆ ಎರಡು ನಿಮಿಷಕ್ಕೆ ಜಾರತ್ತೆ. ಜಾರಿದ್ರೆ ಕಂಟಿನ್ಯುಯಿಟಿ ಹಾಳು ಅಂತ ಮಾಮೂಲಿ ಕಾಸ್ಟ್ಯೂಮರ್ ಪಿನ್ ಹೊಡೀತಾರೆ. ಪಿನ್ ಹೊಡೆದ್ರೆ ಸೆರಗು ನಿಂತ್ಕೊಳತ್ತೆ, ಆದ್ರೆ ಹೆಂಗಸು ಸತ್ತೋಗ್ತಾಳೆ. ಯಾಕಂದ್ರೆ ನಿಜ ಜೀವನದಲ್ಲಿ ಸೆರಗು ಜಾರತ್ತೆ, ಮಾವ ಬಂದಾಗ ಕೈ ತಾನಾಗೇ ಮೇಲಕ್ಕೆ ಹೋಗತ್ತೆ, ಮಾವ ಹೋದ ಮೇಲೆ ಭುಜಕ್ಕಿಳಿಯತ್ತೆ, ಆ ಕೈ ಓಡಾಟವೇ ಅರ್ಧ ಆಕ್ಟಿಂಗು. ಸ್ಟೇಜ್ ಮೇಲೆ ನಿಂತು ಸೆರಗು ಸಂಭಾಳಿಸಿದವಳಿಗೆ ಮಾತ್ರ ಅಲ್ಲಿ ಪಿನ್ ಹೊಡೀಬಾರ್ದು, ಸ್ವಲ್ಪ ಒರಟು ನೂಲಿನ ಸೀರೆ ಕೊಟ್ರೆ ಕೂದಲ ಮೇಲೆ ನಿಲ್ಲತ್ತೆ ಅಂತ ಹೊಳೆಯತ್ತೆ. ವೈಶಾಲಿ ಮೇಡಂ ಕೆಲ್ಸ ನಾನು ಹತ್ರದಿಂದ ನೋಡಿದವಳಲ್ಲ, ಆದ್ರೆ ಆ ಸಿನಿಮಾದ ಸೀರೆಗಳು ಉಟ್ಟವರ ಮಾತು ಕೇಳ್ತವೆ, ಅದು ನೋಡಿದ್ರೇ ಗೊತ್ತಾಗತ್ತೆ.

ಶಂಕ್ರಣ್ಣ ಫ್ಯಾನ್
ಅಕ್ಕಾ ಇದು ಸೂಪರ್. ಟೀ ಡಿಕಾಕ್ಷನ್ ವಿಷ್ಯ ಗೊತ್ತೇ ಇರ್ಲಿಲ್ಲ.

ರೀಲು ಡಬ್ಬ
ಸೂಜಿದಾರ ಅವ್ರೇ, ನೀವು ಹೇಳಿದ್ದು ಒಪ್ದೆ, ಕೆಲ್ಸ ಸಣ್ಣದು ಅಂತ ನಾನು ಹೇಳ್ಲೇ ಇಲ್ಲ. ಆದ್ರೆ ನೀವೇ ಹೇಳಿದ ಪ್ರಕಾರ ಇದು ಪೂರ್ತಿ ದಿನದ ಕೆಲ್ಸ. ಹಾಗಾದ್ರೆ ಒಬ್ಬ ನಟಿ ನಡುನಡುವೆ ಬಂದು ಮಾಡೋದಲ್ಲ, ಅದಕ್ಕೇ ಜೀವ ಕೊಟ್ಟಿರೋರು ಮಾಡ್ಬೇಕು. ಭಾನು ಅಥೈಯಾ ಅವ್ರು ಅದನ್ನೇ ಮಾಡಿದ್ರು, ಗಾಂಧಿ ಸಿನಿಮಾಗೆ ಆಸ್ಕರ್ ತಂದ್ರು, ಆಕ್ಟಿಂಗ್ ಕಡೆ ತಲೆ ಹಾಕ್ಲಿಲ್ಲ. ಎಲ್ಲಾ ಮಾಡ್ತೀನಿ ಅನ್ನೋ ಸಂಸ್ಕೃತಿಯಿಂದಾನೇ ನಮ್ಮಲ್ಲಿ ಸ್ಪೆಷಲಿಸ್ಟ್‌ಗಳು ಬೆಳೀಲಿಲ್ಲ.

ತೆರೆಮರೆ
ಒಳ್ಳೆ ಪಾಯಿಂಟು. ಆದ್ರೆ ಕನ್ನಡದಲ್ಲಿ ಈ ಕೆಲ್ಸಕ್ಕೆ ಒಂದು ದಾರಿ ಅಂತ ಹಾಕಿದ್ದೇ ನಾಟಕದೋರು. ಪ್ರೇಮಾ ಕಾರಂತ್ ನೋಡಿ. ಎನ್‌ಎಸ್‌ಡೀಲಿ, ಅಂದ್ರೆ ದೆಹಲಿಯ ರಾಷ್ಟ್ರೀಯ ನಾಟಕ ಶಾಲೇಲಿ ಕಲಿತು ಬಂದ್ರು, ಬಿ.ವಿ. ಕಾರಂತರ ಬೆನಕ ತಂಡದ ನಾಟಕಗಳಿಗೆ ವಸ್ತ್ರವಿನ್ಯಾಸ ಮಾಡಿದ್ರು, ಮಕ್ಕಳ ರಂಗಭೂಮಿ ಕಟ್ಟಿದ್ರು. ಸಿನಿಮಾಗೆ ಬಂದಾಗ ಮೊದಲು ಮಾಡಿದ್ದು ಜಿ.ವಿ. ಅಯ್ಯರ್ ಅವ್ರ "ಹಂಸಗೀತೆ"ಗೆ ಬಟ್ಟೆ, 1975ರಲ್ಲಿ. ತರಾಸು ಕಾದಂಬರಿ, ಟಿಪ್ಪು ಕಾಲದ ಚಿತ್ರದುರ್ಗ, ಅನಂತ್ ನಾಗ್ ಸಂಗೀತಗಾರ. ಆಮೇಲೆ ಅಯ್ಯರ್ ಅವ್ರದ್ದೇ "ಕುದುರೆ ಮೊಟ್ಟೆ"ಗೆ ಕಲಾ ನಿರ್ದೇಶನ. ಆಮೇಲೆ ಎಂ.ಕೆ. ಇಂದಿರಾ ಕಾದಂಬರಿ ಇಟ್ಕೊಂಡು "ಫಣಿಯಮ್ಮ" ನಿರ್ದೇಶನ, ಅದಕ್ಕೆ ಅತ್ಯುತ್ತಮ ಕನ್ನಡ ಚಿತ್ರ ಅಂತ ರಾಷ್ಟ್ರಪ್ರಶಸ್ತಿ. ಬಟ್ಟೆಯಿಂದ ಗೋಡೆಗೆ, ಗೋಡೆಯಿಂದ ಕ್ಯಾಮೆರಾ ಹಿಂದಕ್ಕೆ. ಮತ್ತೆ ಒಂದು ತಮಾಷೆ ನೋಡಿ, ಹಂಸಗೀತೆ ಬಂದಾಗ ವಸ್ತ್ರವಿನ್ಯಾಸಕ್ಕೆ ರಾಷ್ಟ್ರಪ್ರಶಸ್ತಿ ಅನ್ನೋ ವಿಭಾಗವೇ ಇರ್ಲಿಲ್ಲ, ಅದು ಶುರುವಾಗಿದ್ದೇ 80ರ ದಶಕದ ಮಧ್ಯದಲ್ಲಿ. ಸ್ಪೆಷಲಿಸ್ಟ್ ಬೆಳೀಲಿಲ್ಲ ಅಂತೀರಲ್ಲ, ಸ್ಪೆಷಾಲಿಟಿ ಅಂತ ಒಪ್ಪಿಕೊಂಡಿದ್ದೇ ಅಷ್ಟು ತಡವಾಗಿ.

ಕರಾವಳಿ ಕಾಫಿ
ನೀವೆಲ್ಲ ನಟನೆ, ವಸ್ತ್ರ, ಸೆಟ್ಟು ಅಂತ ಮಾತಾಡ್ತಾ ಇದ್ದೀರಿ, ದುಡ್ಡು ಹಾಕಿದವರನ್ನು ಮರೆತೇ ಬಿಟ್ಟಿರಿ ಮಾರಾಯ್ರೆ. ತಾಯಿ ಸಾಹೇಬದ ನಿರ್ಮಾಪಕಿ ಜಯಮಾಲಾ. ಅದರಲ್ಲಿ ನರ್ಮದಾ ಪಾತ್ರ ಮಾಡಿದ್ದೂ ಅವರೇ. ನಮ್ಮ ಊರಿನ ಕಡೆಯವರು, ಅಣ್ಣಾವ್ರ ಜೊತೆ "ಪ್ರೇಮದ ಕಾಣಿಕೆ", "ಶಂಕರ್ ಗುರು" ಮಾಡಿದ ಹೀರೋಯಿನ್ನು. ಅಂಥ ಕಮರ್ಷಿಯಲ್ ನಟಿ ಕೈಯಿಂದ ಹಣ ಹಾಕಿ ಇಂಥ ಸಿನಿಮಾ ಮಾಡಿಸಿದ್ದು ಸಣ್ಣ ವಿಷಯ ಅಲ್ಲ. ಆಮೇಲೆ ಫಿಲ್ಮ್ ಚೇಂಬರಿನ ಮೊದಲ ಮಹಿಳಾ ಅಧ್ಯಕ್ಷೆ ಆದರು, ಮಂತ್ರಿಯೂ ಆದರು.

ಇನ್ನೊಂದು ಉಂಟು. ಕಾಸರವಳ್ಳಿಯವರಿಗೆ ನಾಲ್ಕು ಸ್ವರ್ಣಕಮಲ ಬಂದಿದೆ ಅಲ್ವಾ, ಘಟಶ್ರಾದ್ಧ, ತಬರನ ಕಥೆ, ತಾಯಿ ಸಾಹೇಬ, ದ್ವೀಪ. ಇದರಲ್ಲಿ ಕೊನೆಯ ಎರಡಕ್ಕೂ ನಿರ್ಮಾಪಕಿ ಸಿನಿಮಾದ ನಾಯಕಿಯೇ. ದ್ವೀಪ ಮಾಡಿದ್ದು ಸೌಂದರ್ಯ. ತೆಲುಗಿನಲ್ಲಿ ಆಗ ಅಷ್ಟು ದೊಡ್ಡ ಸ್ಟಾರ್, ಇಲ್ಲಿ ಬಂದು ನಾ. ಡಿಸೋಜ ಅವರ ಕಥೆಗೆ ಹಣ ಹಾಕಿ, ಮುಳುಗಡೆ ಊರಿನಲ್ಲಿ ಮಳೆಯಲ್ಲಿ ನೆನೆದುಕೊಂಡು ಆ್ಯಕ್ಟ್ ಮಾಡಿದರು. 2004ರಲ್ಲಿ ವಿಮಾನ ಅಪಘಾತ ಆಗದಿದ್ದರೆ ಇನ್ನೂ ಎಷ್ಟು ಮಾಡುತ್ತಿದ್ದರೋ. ಹೀರೋ ಪ್ರೊಡ್ಯೂಸರ್ ಆದರೆ ನಾವು ಹೋಂ ಬ್ಯಾನರ್ ಅಂತ ಕೊಂಡಾಡುತ್ತೇವೆ, ಹೀರೋಯಿನ್ ಆದರೆ ಯಾರಿಗೂ ನೆನಪೇ ಇಲ್ಲ.

ರೀಲು ಡಬ್ಬ
ಈ ನಾಲ್ಕರಲ್ಲಿ ಎರಡು ಅನ್ನೋದು ನಾನು ಯೋಚನೆ ಮಾಡಿರ್ಲಿಲ್ಲ, ಚೆನ್ನಾಗಿದೆ. ಆದ್ರೂ ನನ್ನ ಪ್ರಶ್ನೆ ಬಾಕಿ ಇದೆ. ನಾಯಕಿಯೇ ನಿರ್ಮಾಪಕಿ ಆದಾಗ ಡಿಸೈನರ್‌ಗೆ ಎಷ್ಟು ಸ್ವಾತಂತ್ರ್ಯ ಇರತ್ತೆ? ನನಗೆ ಚೆನ್ನಾಗಿ ಕಾಣೋ ಸೀರೆ ಕೊಡಿ ಅಂದ್ರೆ ಏನ್ ಮಾಡ್ತಾರೆ.

ಸೂಜಿದಾರ
ಅದು ದಿನಾ ನಡಿಯೋ ಜಗಳ ಸರ್. ಹೆಸರು ಬೇಡ, ಒಂದು ಪೀರಿಯಡ್ ಪ್ರಾಜೆಕ್ಟಲ್ಲಿ ನಾಯಕಿಗೆ ಸವೆದ ನೂಲಿನ ಸೀರೆ ಅಂತ ಡಿಸೈನ್ ಆಗಿತ್ತು, ನಾವು ಉಜ್ಜಿ ಉಜ್ಜಿ ರೆಡಿ ಮಾಡಿದ್ವಿ, ಸೆಟ್ಟಿಗೆ ಬಂದು ನೋಡಿ ಇದೇನು ಭಿಕ್ಷುಕಿ ಥರ ಅಂದ್ರು, ಪ್ರೊಡಕ್ಷನ್ ಮ್ಯಾನೇಜರ್ ಗಾಡಿ ಕಳಿಸಿ ಅಂಗಡಿಯಿಂದ ಹೊಸ ಸೀರೆ ತರಿಸಿದ್ರು, ಬಡ ರೈತನ ಹೆಂಡ್ತಿ ಜರಿ ಮಿಂಚಿಸ್ಕೊಂಡು ಕಳೆ ಕೀಳ್ತಿದ್ಲು. ಸಿನಿಮಾದಲ್ಲಿ ಇವತ್ತಿಗೂ ಹಾಗೇ ಇದೆ. ಸಾಲದ್ದಕ್ಕೆ ಟೈಟಲ್ಲಲ್ಲಿ ನಮ್ಮ ಟೀಮ್ ಹೆಸರು ಬರ್ಲೇ ಇಲ್ಲ, ಅದಕ್ಕೆ ಬೇಜಾರಾಗ್ಲಿಲ್ಲ ಬಿಡಿ ಆ ಜರಿ ನೋಡಿದ್ಮೇಲೆ.

ಡಿಸೈನರೂ ಆ್ಯಕ್ಟರ್ ಆಗಿದ್ರೆ ಇಲ್ಲೊಂದು ಅನುಕೂಲ ಇದೆ. ಅವ್ರು ಹೋಗಿ ಇದು ಕಥೆಗೆ ಸರಿ ಅಂತ ವಾದ ಮಾಡಲ್ಲ, ಈ ಸೀರೇಲಿ ನೀನು ಕೂತು ಏಳೋವಾಗ ನೋಡು ಹೇಗಿರತ್ತೆ ಅಂತ ತೋರಿಸ್ತಾರೆ. ನಟಿಗೆ ನಟಿ ಮಾತು ಬೇಗ ಅರ್ಥ ಆಗತ್ತೆ.

ಹುಬ್ಬಳ್ಳಿ ಗಿರ್ಮಿಟ್
ಮೂಡಲ ಮನಿ ಬಗ್ಗೆ ಯಾರೂ ಮಾತಾಡವಲ್ರಲ್ಲ, ನಾನ ಹೇಳ್ತೇನಿ. ಅದು ಬರೋಕಿಂತ ಮೊದಲ ಟಿವಿ ಸೀರಿಯಲ್ದಾಗ ನಮ್ಮ ಭಾಷಿ ಅಂದರ ಬರೇ ಚಾಷ್ಟಿ ಮಾಡಾಕ. ಅಡಗಿಯಂವ, ವಾಚಮನ್, ಇಲ್ಲಾ ರೌಡಿ, ಇವರ ಬಾಯಾಗ ಅಷ್ಟ ಧಾರವಾಡ ಕನ್ನಡ ಇರ್ತಿತ್ತು. ಮೂಡಲ ಮನಿ ಬಂದಾಗ ಮನಿ ಹಿರೇರು, ಸೊಸ್ತ್ಯಾರು, ಮಕ್ಕಳು ಎಲ್ಲಾರೂ ನಮ್ಮಂಗ ಮಾತಾಡಿದರು, ಅತ್ತರು, ಸಿಟ್ಟಿಗೆದ್ದರು. ಹೆಸರೂ ಬೇಂದ್ರೆ ಅಜ್ಜನ "ಬೆಳಗು" ಪದ್ಯದ್ದು. ನಮ್ಮವ್ವ ಭಾಂಡೆ ತೊಳ್ಯೂದು ಬಿಟ್ಟು ಬಂದು ಕುಂಡ್ರತಿದ್ಲು. ಆಕಿ ನೋಡ್ತಿದ್ದದ್ದು ಕಥಿ ಅಲ್ಲ, ಅಡಗಿ ಮನಿ. ರೊಟ್ಟಿ ಬಡಿಯೂ ಕಲ್ಲು ಎಲ್ಲಿ ಇಟ್ಟಾರ, ಸೊಸಿ ಸೆರಗು ಹೆಂಗ ಸಿಗಿಸ್ಯಾಳ ಅಂತ. ಒಂದ ಸಲನೂ "ಇದು ನಮ್ಮಂಗ ಇಲ್ಲ" ಅಂದಿದ್ದು ನಾ ಕೇಳಿಲ್ಲ, ಆಕಿ ಬಾಳ ತಪ್ಪು ಹುಡಕಾಕಿ.

ತೆರೆಮರೆ
ಇದೇ ನೋಡಿ ನಾನು ಹೇಳೋಕೆ ಒದ್ದಾಡ್ತಿದ್ದದ್ದು, ಗಿರ್ಮಿಟ್ ಅಣ್ಣ ಎರಡು ಸಾಲಲ್ಲಿ ಹೇಳ್ಬಿಟ್ರು. ವೈಶಾಲಿ ಅವ್ರ ಕೆಲ್ಸದಲ್ಲಿ ನಟನೆ, ಬಟ್ಟೆ, ನಿರ್ದೇಶನ ಮೂರಕ್ಕೂ ಮೂಲ ಒಂದೇ, ಮನುಷ್ಯರು ಮನೆಯೊಳಗೆ ಹೇಗೆ ಓಡಾಡ್ತಾರೆ ಅನ್ನೋದನ್ನ ನೋಡೋ ಕಣ್ಣು. ಸೀರಿಯಲ್ ಅಂದ್ರೆ ಮೂಗು ಮುರಿಯೋರು ಗಮನಿಸಬೇಕು, ಸಿನಿಮಾಗೆ ಎರಡು ಗಂಟೆ, ಸೀರಿಯಲ್‌ಗೆ ದಿನಾ ಒಂದು ಎಪಿಸೋಡು, ವಾರಗಟ್ಲೆ ಶೂಟಿಂಗು, ಅಲ್ಲಿ ಈ ಸೂಕ್ಷ್ಮ ಕಾಪಾಡ್ಕೊಳೋದು ಇನ್ನೂ ಕಷ್ಟ. ರಾಷ್ಟ್ರಪ್ರಶಸ್ತಿ ಬಂದ ಮೇಲೆ ಸೀರಿಯಲ್ ಮಾಡೋದು ಇಳಿದು ಬಂದ ಹಾಗೆ ಅಂತ ಅವ್ರು ಅಂದ್ಕೊಳ್ಲಿಲ್ಲ, ಅದೂ ನನಗೆ ದೊಡ್ಡದಾಗಿ ಕಾಣತ್ತೆ.

ಕರಾವಳಿ ಕಾಫಿ
ಕಾಸರವಳ್ಳಿಯವರ ಸಿನಿಮಾಗಳಲ್ಲಿ ವಸ್ತ್ರಕ್ಕೆ ಪ್ರಶಸ್ತಿ ಆಮೇಲೂ ಬಂದಿದೆ. "ಹಸೀನಾ"ಗೆ ಇಶ್ರತ್ ನಿಸಾರ್ ಅವರಿಗೆ, ತಾರಾ ಅವರಿಗೆ ಅತ್ಯುತ್ತಮ ನಟಿ ಬಂದ ಸಲವೇ. ಬಾನು ಮುಷ್ತಾಕ್ ಅವರ ಕಥೆ ಅದು. ಈಗ ಅವರಿಗೆ ಇಂಟರ್‌ನ್ಯಾಷನಲ್ ಬೂಕರ್ ಬಂದ ಮೇಲೆ ಎಲ್ಲರೂ ಕಥೆ ಓದುತ್ತಿದ್ದಾರೆ, ಸಿನಿಮಾ ಹುಡುಕಿ ನೋಡುವವರು ಕಡಿಮೆ. ನೋಡಿದರೆ ಬುರ್ಖಾ ಒಂದನ್ನೇ ಗಮನಿಸಬೇಡಿ, ಮನೆಯೊಳಗಿನ ಮಾಸಲು ಬಟ್ಟೆಗಳನ್ನೂ ನೋಡಿ.

ಶಂಕ್ರಣ್ಣ ಫ್ಯಾನ್
ನಾನೂ ಒಂದು ಹಾಕ್ತೀನಿ, ಶಂಕ್ರಣ್ಣನಿಗೆ ಸಂಬಂಧಪಟ್ಟಿದ್ದೇ. "22 ಜೂನ್ 1897" ಅಂತ ಮರಾಠಿ ಸಿನಿಮಾ, 1979, ಅದರ ಬರವಣಿಗೇಲಿ ಶಂಕ್ರಣ್ಣನ ಕೈ ಇದೆ. ಡೈರೆಕ್ಟ್ ಮಾಡಿದ್ದು ಜಯೂ ಮತ್ತು ನಚಿಕೇತ್ ಪಟವರ್ಧನ್ ಅಂತ ಗಂಡ ಹೆಂಡ್ತಿ, ಮೂಲತಃ ಆರ್ಕಿಟೆಕ್ಟ್‌ಗಳು, ಡಿಸೈನ್ ಕಡೆಯಿಂದ ಬಂದವ್ರು. ಅಂದ್ರೆ ಡಿಸೈನ್ ಮಾಡೋರು ಡೈರೆಕ್ಷನ್‌ಗೆ ಬರೋದು ನಮ್ಮಲ್ಲಿ ಮಾತ್ರ ಅಲ್ಲ, ಪಕ್ಕದ ರಾಜ್ಯದಲ್ಲೂ ಆಗ ನಡೀತಿತ್ತು. ಥ್ರೆಡ್ ಶುರು ಮಾಡಿದ ತೆರೆಮರೆ ಪರವಾಗಿ ಒಂದು ವೋಟು ತಗೊಳಿ.

ರೀಲು ಡಬ್ಬ
ಈಗಿನೋರಲ್ಲಿ ಅರುಣ್ ಸಾಗರ್ ಹೇಳ್ಬೋದು. ನೀನಾಸಂ ಹುಡುಗ, ಕಲಾ ನಿರ್ದೇಶನ, ನಟನೆ, ನಾಟಕ ಎಲ್ಲಾ. ಆದ್ರೆ ಜನಕ್ಕೆ ಗೊತ್ತಿರೋದು ಬಿಗ್ ಬಾಸ್ ಮೊದಲ ಸೀಸನ್ನಿಂದ. ತೆರೆಮರೆ ಅವ್ರ ತಕರಾರಿಗೆ ಇದೇ ಉದಾಹರಣೆ. ಮುಖ ಕಂಡ್ರೆ ಮಾತ್ರ ಹೆಸರು. ಕಟ್ಟಿದ ಸೆಟ್ಟಿಗೆ ಚಪ್ಪಾಳೆ ಬಂದ್ರೂ ಕಟ್ಟಿದೋನು ಯಾರು ಅಂತ ಕೇಳಲ್ಲ. ಇಷ್ಟು ಒಪ್ಪಿದೀನಿ, ಆದ್ರೆ ಬಜೆಟ್ ವಾದ ಬಿಟ್ಟಿಲ್ಲ.

ರಂಗದ ಹುಡುಗಿ
ಹೊಸದಾಗಿ ಸೇರಿದೀನಿ, ಮೊದಲ ಪೋಸ್ಟು. ಶಿವಮೊಗ್ಗದಲ್ಲಿ ನಾಟಕ ಮಾಡ್ತೀನಿ, ಆ್ಯಕ್ಟಿಂಗು. ಟೀಮಲ್ಲಿ ಹೊಲಿಗೆ ಬರತ್ತೆ ಅಂತ ಬಟ್ಟೆ ಜವಾಬ್ದಾರಿನೂ ನನ್ನ ತಲೆಗೇ ಬೀಳತ್ತೆ. ಈಗ ಒಂದು ಶಾರ್ಟ್ ಫಿಲ್ಮಿಗೆ ಪಾತ್ರ ಕೊಟ್ಟಿದಾರೆ, ಜೊತೆಗೆ ಕಾಸ್ಟ್ಯೂಮೂ ನೀನೇ ನೋಡ್ಕೋ ಅಂದಿದಾರೆ. ಮನೇಲಿ ಅಕ್ಕ ಹೇಳ್ತಾಳೆ ಎರಡೂ ಮಾಡಿದ್ರೆ ಯಾರೂ ನಿನ್ನ ನಟಿ ಅಂತ ಸೀರಿಯಸ್ಸಾಗಿ ತಗೊಳಲ್ಲ, ಬಟ್ಟೆ ಹುಡುಗಿ ಅಂತಾನೇ ಕರೀತಾರೆ ಅಂತ. ಏನ್ ಮಾಡ್ಲಿ? 70ರ ದಶಕದ ಕಥೆ, ಮಲೆನಾಡಿನ ಮನೆ, ಐದು ಪಾತ್ರ.

ರೀಲು ಡಬ್ಬ
ಅಕ್ಕ ಹೇಳಿದ್ದು ಸರಿ. ಒಂದು ಆರಿಸ್ಕೊಳಮ್ಮಾ.

ತೆರೆಮರೆ
ಅಕ್ಕ ಹೇಳಿದ್ದು ನಡೆಯೋ ಸಂಗತಿ, ಆದ್ರೆ ಅದಕ್ಕೆ ಹೆದರಿ ಕೆಲ್ಸ ಬಿಡೋದು ಬೇಡ. ಐದೇ ಪಾತ್ರ ಅಂದ್ರೆ ಕಲಿಯೋಕೆ ಇದಕ್ಕಿಂತ ಒಳ್ಳೆ ಚಾನ್ಸ್ ಸಿಗಲ್ಲ. ಮಾಡಿ.

ಸೂಜಿದಾರ
ಮಾಡು ಪುಟ್ಟಾ, ಆದ್ರೆ ಬಿಟ್ಟಿ ಮಾಡ್ಬೇಡ. ಮೊದ್ಲು ಎರಡು ಕೆಲ್ಸಕ್ಕೆ ಎರಡು ಸಂಭಾವನೆ ಅಂತ ಮಾತಾಡು, ಕೊಡೋದು ಎಷ್ಟೇ ಇರ್ಲಿ ಬೇರೆ ಬೇರೆ ಹೇಳ್ಬೇಕು. ಟೈಟಲ್ಲಲ್ಲಿ ವಸ್ತ್ರವಿನ್ಯಾಸ ಅಂತ ಪ್ರತ್ಯೇಕ ಕಾರ್ಡು, ಅದನ್ನ ವಾಟ್ಸಾಪಲ್ಲಾದ್ರೂ ಬರೆಸಿಕೊಂಡು ಇಟ್ಕೋ. ನೀನು ಫ್ರೇಮಲ್ಲಿರೋ ದಿನ ಕಂಟಿನ್ಯುಯಿಟಿ ನೋಡೋಕೆ ಇನ್ನೊಬ್ರು ಇರ್ಲೇಬೇಕು, ಕಾಲೇಜು ಹುಡುಗಿ ಆದ್ರೂ ಪರವಾಗಿಲ್ಲ, ನಿನ್ನ ಸೆರಗು ನಿನಗೆ ಕಾಣಲ್ಲ. ಬಟ್ಟೆ ಅಂಗಡಿಗೆ ಹೋಗೋ ಮೊದ್ಲು ಮನೆಮನೆ ಟ್ರಂಕು ಹುಡುಕು, 70ರ ದಶಕದ ಮಲೆನಾಡು ಅಂದ್ರೆ ನಿಮ್ಮ ಕಡೆ ಅಜ್ಜಿ ಪೆಟ್ಟಿಗೆಗಳಲ್ಲಿ ಇನ್ನೂ ಸಿಗತ್ತೆ, ಮದುವೆ ಆಲ್ಬಂ ತರ್ಸು, ಆದ್ರೆ ಮದುವೆ ಫೋಟೋಲಿ ಎಲ್ರೂ ಒಳ್ಳೆ ಬಟ್ಟೆ ಹಾಕಿರ್ತಾರೆ, ದಿನಬಳಕೆ ಬಟ್ಟೆ ಬೇಕು ಅಂದ್ರೆ ಫೋಟೋ ಹಿಂದೆ ನಿಂತಿರೋ ಕೆಲಸದೋರನ್ನ, ಅಡುಗೆ ಮನೆ ಬಾಗಿಲಲ್ಲಿ ಇಣುಕ್ತಿರೋರನ್ನ ನೋಡು.

ರಂಗದ ಹುಡುಗಿ
ಥ್ಯಾಂಕ್ಸ್ ಅಕ್ಕಾ. ಬೇರೆ ಕಾರ್ಡ್ ಕೇಳೋದು ಹೊಳೆದೇ ಇರ್ಲಿಲ್ಲ. ಅಜ್ಜಿ ಸೀರೆ ಕೊಡ್ತಾರೆ, ಆದ್ರೆ ಟೀ ಡಿಕಾಕ್ಷನ್, ಸ್ಯಾಂಡ್ ಪೇಪರ್ ಅಂದ್ರೆ ಮನೆಯಿಂದ ಓಡಿಸ್ತಾರೆ. ಅವ್ರ ಸೀರೆ ಹಾಳಾಗದೆ ಹಳೇದಾಗಿ ಕಾಣಿಸೋಕೆ ಬೇರೆ ದಾರಿ ಇದೆಯಾ?

ಸೂಜಿದಾರ
ಅಜ್ಜಿ ಸೀರೆಗೆ ಏನೂ ಮಾಡ್ಬೇಡ, ಅದು ಆಗ್ಲೇ ಹಳೇದು. ಇಸ್ತ್ರಿ ಮಾತ್ರ ಹಾಕ್ಬೇಡ.